ಊರವಳು ಯಾರು ಎಂಬ ತಕರಾರು

ಅಂಗನವಾಡಿ ನೇಮಕದ ವ್ಯಾಜ್ಯಗಳನ್ನು ಓದುತ್ತ ಬಂದಂತೆ ನನಗೆ ಮನದಟ್ಟಾದದ್ದು ಇಷ್ಟು: ಜಗಳ ಅಂಕದ್ದಲ್ಲ, ವಿಳಾಸದ್ದು. ಕಾರ್ಯಕರ್ತೆಗೆ ಪಿಯುಸಿ, ಸಹಾಯಕಿಗೆ ಎಸ್ಸೆಸ್ಸೆಲ್ಸಿ. ಅಂಕಪಟ್ಟಿ ಮುಂದಿಟ್ಟರೆ ಯಾರು ಮೇಲೆ ಎಂಬುದು ಐದು ನಿಮಿಷದ ಮಾತು. ಯಾರು ಊರವಳು ಎಂಬುದು ಹಾಗಲ್ಲ. ಮದುವೆಯಾಗಿ ಬಂದವಳು, ಗಂಡನ ಮನೆ ಬಿಟ್ಟು ತವರು ಸೇರಿದವಳು, ಪಡಿತರ ಚೀಟಿ ಒಂದೂರಲ್ಲಿ ವೋಟು ಇನ್ನೊಂದೂರಲ್ಲಿ ಇರುವವಳು, ಎಲ್ಲರ ಕೈಯಲ್ಲೂ ವಾಸಸ್ಥಳದ ದೃಢೀಕರಣ ಪತ್ರ ಇರಬಹುದು. ಶಿವಮೊಗ್ಗ ಬಳಿಯ ಸೋಗಾನೆಯನ್ನೇ ನೋಡಿ. ಕೇಂದ್ರ ಕಾರಾಗೃಹ ಅಲ್ಲಿದೆ. 2023ರ ಫೆಬ್ರವರಿ 27ರಂದು ವಿಮಾನ ನಿಲ್ದಾಣವೂ ಉದ್ಘಾಟನೆಯಾಯಿತು. ಇಂಥ ಊರಿಗೆ ಬಾಡಿಗೆಗೆ ಬಂದವಳು ಎಷ್ಟು ವರ್ಷಕ್ಕೆ ಊರವಳಾಗುತ್ತಾಳೆ? ಭದ್ರಾವತಿಯ ಕಾರ್ಖಾನೆ ಕ್ವಾರ್ಟರ್ಸ್‌ಗಳ ಕಥೆ ಇದಕ್ಕಿಂತ ಹಳೆಯದು: ನೌಕರಿ ಮುಗಿದರೆ ಮನೆ ಬಿಡಬೇಕು, ಮನೆ ಬಿಟ್ಟರೆ ವಾರ್ಡೂ ಬದಲಾಗಬಹುದು.

ಹಾಗಾದರೆ ಅಭ್ಯರ್ಥಿ ಆ ಊರವಳೇ ಆಗಿರಬೇಕೆಂಬ ಸ್ಥಳೀಯತೆಯ ಷರತ್ತನ್ನೇ ಕಿತ್ತುಹಾಕಿ ಎನ್ನುವವರಿದ್ದಾರೆ. ಅವರ ಕೈಯಲ್ಲಿ ಸಂವಿಧಾನದ 16(2)ನೇ ವಿಧಿ ಇದೆ. ಸರ್ಕಾರಿ ಉದ್ಯೋಗದಲ್ಲಿ ವಾಸಸ್ಥಳ ನೋಡಿ ಭೇದ ಮಾಡಕೂಡದು. ರಾಜಸ್ಥಾನದ ಶಿಕ್ಷಕರ ನೇಮಕದಲ್ಲಿ ಸ್ಥಳೀಯರಿಗೆ ಕೊಟ್ಟ ಹೆಚ್ಚುವರಿ ಅಂಕವನ್ನು ಸುಪ್ರೀಂ ಕೋರ್ಟ್ 2002ರಲ್ಲಿ ಒಪ್ಪಲಿಲ್ಲ. ಆದರೆ ಬಾಣಂತಿಯ ಮನೆಗೆ ಹೋಗಿ ಕೂಸನ್ನು ತೂಗುವ ಕೆಲಸ ಬಸ್ಸಿಗೆ ಕಾಯುವವಳಿಂದ ಆಗುವಂಥದ್ದಲ್ಲ. ಷರತ್ತು ಇರಲಿ. ಇನ್ನು ಸರ್ಕಾರಿ ಉದ್ಯೋಗ ಎಂಬ ಮಾತಿಗೆ ಬಂದರೆ, ಅಂಗನವಾಡಿ ಕಾರ್ಯಕರ್ತೆಯದು ಸಿವಿಲ್ ಹುದ್ದೆಯೇ ಅಲ್ಲ ಎಂದು 2006ರ ಡಿಸೆಂಬರ್‌ನಲ್ಲಿ ನಮ್ಮ ರಾಜ್ಯದ್ದೇ ಅಮೀರ್‌ಬಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಆ ತೀರ್ಪಿನ ಏಟು ಬಿದ್ದದ್ದು ಈ ಹೆಣ್ಣುಮಕ್ಕಳ ಮೇಲೆ. ಕರ್ನಾಟಕ ಆಡಳಿತ ನ್ಯಾಯಮಂಡಳಿಯ ಬಾಗಿಲು ಅವರಿಗೆ ಮುಚ್ಚಿತು. ಉಳಿದದ್ದು ಹೈಕೋರ್ಟಿನ ರಿಟ್ ಅರ್ಜಿ, ಅದೂ ಶಿವಮೊಗ್ಗದವರಿಗೆ ಧಾರವಾಡವಲ್ಲ, ಬೆಂಗಳೂರು. ಗೌರವಧನಕ್ಕೆ ಇಷ್ಟೆಲ್ಲ ಅಲೆದಾಟವೇ ಎಂದು ಮೂಗು ಮುರಿಯುವವರು ಹಳ್ಳಿಯ ಲೆಕ್ಕ ತಿಳಿಯದವರು. ಪಿಯುಸಿ ಓದಿದ ಗೃಹಿಣಿಗೆ ಊರು ಬಿಡದೆ ಸಿಗುವ ಸರ್ಕಾರದ ಕೆಲಸ ಬೇರೆ ಯಾವುದಿದೆ? 2022ರ ಏಪ್ರಿಲ್‌ನಲ್ಲಿ ಇದೇ ಸುಪ್ರೀಂ ಕೋರ್ಟ್ ಇವರಿಗೆ ಗ್ರಾಚ್ಯುಟಿಯ ಹಕ್ಕಿದೆ ಎಂದಿತು. ಹುದ್ದೆಯಲ್ಲ, ಆದರೆ ಗ್ರಾಚ್ಯುಟಿ ಉಂಟು!

ಹುದ್ದೆಯಲ್ಲದ ಮೇಲೆ ಕಾರಣ ಏಕೆ ಕೊಡಬೇಕು ಎಂಬ ಧೋರಣೆಯನ್ನು ಮಾತ್ರ ನಾನು ಒಪ್ಪಲಾರೆ. ಗೌರವಧನದ ಕೆಲಸ ಕೊಡುವಾಗಲೂ 14ನೇ ವಿಧಿಯ ಸಮಾನತೆ ತಪ್ಪಬಾರದು. ಕೆಲಸಕ್ಕೆ ಸೇರಿದವಳನ್ನು ನೋಟಿಸು ಕೊಡದೆ ತೆಗೆದರೆ ಆದೇಶ ಕೋರ್ಟಿನಲ್ಲಿ ನಿಲ್ಲುವುದು ಕಷ್ಟ. ತಾತ್ಕಾಲಿಕ ಆಯ್ಕೆ ಪಟ್ಟಿಗೆ ಬಂದ ಆಕ್ಷೇಪಣೆಯನ್ನು ಸ್ಥಳಕ್ಕೆ ಹೋಗಿ ವಿಚಾರಿಸಿ, ಇಂಥ ದಾಖಲೆ ನೋಡಿ ಇಂಥ ತೀರ್ಮಾನಕ್ಕೆ ಬಂದೆವು ಎಂದು ನಾಲ್ಕು ಸಾಲಿನ ಹಿಂಬರಹ ಕೊಟ್ಟರೆ ಎಷ್ಟೋ ರಿಟ್‌ಗಳು ಹುಟ್ಟುವುದೇ ಇಲ್ಲ. ಇಲಾಖೆಗೆ ಆಳಿಲ್ಲ, ಸಮಯವಿಲ್ಲ ಎಂಬ ಸಮಜಾಯಿಷಿ ಸುಳ್ಳೇನಲ್ಲ. ಆದರೆ ಅದೇ ಕಚೇರಿ ಮುಂದೆ ವರ್ಷಗಟ್ಟಲೆ ಹೈಕೋರ್ಟಿಗೆ ಕಡತ ಹೊರುತ್ತದಲ್ಲ, ಆ ಸಮಯ ಎಲ್ಲಿಂದ ಬರುತ್ತದೆ? ನೇಮಕಕ್ಕೆ ತಡೆಯಾಜ್ಞೆ ಇದ್ದಷ್ಟು ದಿನ ಪಕ್ಕದ ಕೇಂದ್ರದವಳು ಎರಡು ಕಡೆ ಓಡಾಡಬೇಕಾದೀತು. ಹಸಿದ ಮಗುವಿಗೆ ಸ್ಥಳೀಯತೆಯ ವಾದ ತಿಳಿಯದು.

ಕೆಲಸ ಸಿಗದವರೂ ಎಡವುತ್ತಾರೆ. ಆಯ್ಕೆಯಾದವಳ ಪತ್ರ ಸುಳ್ಳೆಂದು ತೋರಿಸಿದರೆ ಸಾಲದು, ಆಕೆ ಹೋದರೆ ಮುಂದಿನ ಸರದಿ ತನ್ನದೆಂದೂ ತೋರಿಸಬೇಕು. ಆಯ್ಕೆಯಾದವಳನ್ನು ಪ್ರತಿವಾದಿ ಮಾಡದ ಅರ್ಜಿ ನಿಲ್ಲುವುದಿಲ್ಲ. ಸುಮ್ಮನಿದ್ದು ವರ್ಷ ಕಳೆದ ಮೇಲೆ ಬಂದವರಿಗೆ ವಿಳಂಬವೇ ಮೊದಲ ಅಡ್ಡಿ. ತಾತ್ಕಾಲಿಕ ಪಟ್ಟಿ ಅಂಟಿಸಿದ ವಾರದಲ್ಲೇ ಆಕ್ಷೇಪಣೆ ಬರೆಯಿರಿ. ಟಪಾಲು ವಿಭಾಗದ ಸ್ವೀಕೃತಿ ಮುದ್ರೆ ಬೀಳದೆ ಶಿಶು ಅಭಿವೃದ್ಧಿ ಯೋಜನಾಧಿಕಾರಿ (ಸಿಡಿಪಿಒ) ಕಚೇರಿಯ ಮೆಟ್ಟಿಲು ಇಳಿಯಬೇಡಿ.