ಚಿತ್ರದೊಳಗೆ ಹೊಕ್ಕ ಕಲಾವಿದೆ

ಮೂಡಲಪಾಯದ ಆಟದಲ್ಲಿ ಹಾಡು, ಕುಣಿತ, ಬಣ್ಣ, ಮಾತು ಇವೆಲ್ಲವೂ ಒಂದೇ ರಂಗದಲ್ಲಿ ಬೆರೆತಿರುತ್ತವೆ. ವಿದ್ಯಾಲಯಗಳಲ್ಲಿ ಮಾತ್ರ ನಾವು ಚಿತ್ರಕಲೆ, ನಾಟಕ, ಚಲನಚಿತ್ರ ಎಂದು ಅವುಗಳನ್ನು ಬೇರ್ಪಡಿಸಿ ಕಲಿಸುತ್ತೇವೆ. ಈ ಗೋಡೆಗಳನ್ನು ದಾಟಿದ ಕನ್ನಡನಾಡಿನ ಕಲಾವಿದೆಯೊಬ್ಬರಿಂದ ನಾವು ಕಲಿಯಬಹುದಾದ ಪಾಠವೊಂದನ್ನು ವಿವರಿಸುವುದೇ ಈ ಲೇಖನದಲ್ಲಿ ನನ್ನ ಉದ್ದೇಶ.

ಪುಷ್ಪಮಾಲಾ ಎನ್. ಅವರು 1956ರಲ್ಲಿ ಬೆಂಗಳೂರಿನಲ್ಲಿ ಜನಿಸಿದರು. ಬರೋಡದ ಮಹಾರಾಜ ಸಯಾಜಿರಾವ್ ವಿಶ್ವವಿದ್ಯಾನಿಲಯದಲ್ಲಿ ಶಿಲ್ಪಕಲೆಯನ್ನು ಅಭ್ಯಾಸಮಾಡಿ, ಮೊದಲು ಶಿಲ್ಪಿಯಾಗಿಯೇ ಹೆಸರಾದರು. 1990ರ ದಶಕದ ನಡುವಿನಿಂದ ತಾವೇ ವೇಷ ತೊಟ್ಟು, ಪರದೆಯ ಮುಂದೆ ನಿಂತು, ಛಾಯಾಚಿತ್ರಗಳಲ್ಲಿ ಅಭಿನಯಿಸತೊಡಗಿದರು. ‘ಫ್ಯಾಂಟಮ್ ಲೇಡಿ’ (1996–98) ಮಾಲಿಕೆಯಲ್ಲಿ ಹಳೆಯ ಹಿಂದೀ ಚಿತ್ರಗಳ ಸಾಹಸನಾಯಕಿ ನಾಡಿಯಾಳನ್ನು ನೆನಪಿಸುವ ಮುಖವಾಡದ ನಾಯಕಿ ಅವರೇ. 2004ರಲ್ಲಿ ‘ರಾಷ್ಟ್ರೀಯ ಖೀರ್ ಮತ್ತು ದೇಸೀಯ ಸಲಾಡ್’ ಎಂಬ ಕಿರುಚಿತ್ರವನ್ನೂ ನಿರ್ದೇಶಿಸಿದರು. ತಮ್ಮ ಕೆಲಸಕ್ಕಾಗಿ ಅವರು ಕಲ್ಪಿಸಿಕೊಂಡ ಸಂಸ್ಥೆಯ ಹೆಸರು ‘ಸೋಂಬೇರಿಕಟ್ಟೆ’! ಅರಳಿಮರದ ಕಟ್ಟೆಯಲ್ಲಿ ಹರಟಿ ಬೆಳೆದ ನಮಗೆ ಈ ಹೆಸರಿನ ವಿನೋದವನ್ನು ಯಾರೂ ವಿವರಿಸಬೇಕಾಗಿಲ್ಲ.

ಛಾಯಾಗ್ರಾಹಕಿ ಕ್ಲೇರ್ ಆರ್ನಿ ಅವರೊಡನೆ 2000ದಿಂದ 2004ರವರೆಗೆ ರಚಿಸಿದ, ದಕ್ಷಿಣ ಭಾರತದ ಸ್ತ್ರೀಯರನ್ನು ಕುರಿತ ಮಾಲಿಕೆಯೇ ನನ್ನ ಪಾಠದ ಮುಖ್ಯ ಆಧಾರ. ಅದರಲ್ಲಿ ಒಂದೆಡೆ ಅವರು ರವಿವರ್ಮನ ಲಕ್ಷ್ಮಿಯಾಗಿ ನಿಂತಿದ್ದಾರೆ. ಹುಣಸೂರು, ಪಿರಿಯಾಪಟ್ಟಣ, ಕೃಷ್ಣರಾಜನಗರಗಳ ಮನೆಗೋಡೆಗಳಲ್ಲಿ ನಾವು ಕಂಡ ಕ್ಯಾಲೆಂಡರಿನ ಲಕ್ಷ್ಮಿಗೆ ಮೂಲ ಇದೇ. ಅನಾದಿಯೆಂದು ನಾವು ತಿಳಿದ ಆ ರೂಪ, ಒಬ್ಬ ಚಿತ್ರಕಾರನ ಕಲ್ಪನೆಯಿಂದ ಹುಟ್ಟಿ, 1894ರಲ್ಲಿ ಸ್ಥಾಪಿತವಾದ ಅವನ ಮುದ್ರಣಾಲಯದಿಂದ ಮನೆಮನೆಗೆ ಬಂದದ್ದು.

ಇನ್ನೊಂದೆಡೆ ಅವರು ತೋಡ ಸ್ತ್ರೀಯ ವೇಷದಲ್ಲಿ ಚೌಕುಳಿ ಪರದೆಯ ಮುಂದೆ ನಿಂತಿದ್ದಾರೆ. ಹತ್ತೊಂಬತ್ತನೆಯ ಶತಮಾನದ ಬ್ರಿಟಿಷ್ ಮಾನವಶಾಸ್ತ್ರಜ್ಞರು ದೇಹವನ್ನು ಅಳೆಯಲು ಇಂಥ ಪರದೆಯನ್ನು ಬಳಸುತ್ತಿದ್ದರು. ಇದು ನಮಗೆ ದೂರದ ಸಂಗತಿಯಲ್ಲ. ಥರ್ಸ್ಟನ್ ಮತ್ತು ರಂಗಾಚಾರಿಯವರು 1909ರಲ್ಲಿ ಏಳು ಸಂಪುಟಗಳಲ್ಲಿ ಪ್ರಕಟಿಸಿದ ಗ್ರಂಥದಲ್ಲಿ ಜೇನುಕುರುಬರ ವಿಷಯವೂ ಇದೆ. ಜನರ ಮೂಗು, ತಲೆಗಳ ಅಳತೆಗಳೂ ಇವೆ. ಹೆಗ್ಗಡದೇವನಕೋಟೆಯ ಹಾಡಿಗಳಿಂದ ಬಂದ ವಿದ್ಯಾರ್ಥಿಗಳು ನನ್ನ ತರಗತಿಯಲ್ಲಿ ಕುಳಿತಿರುವಾಗ, ಆ ಪುಟಗಳನ್ನು ಬರಿಯ ‘ಮಾಹಿತಿ’ಯೆಂದು ಓದಿಸಲು ನನಗೆ ಮನಸ್ಸೊಪ್ಪುವುದಿಲ್ಲ.

ನಗರದ ಕಲಾವಿದೆ ತೋಡ ಸ್ತ್ರೀಯ ವೇಷ ಹಾಕಿದರೆ ಆ ಸ್ತ್ರೀಗೆ ಬಂದ ಲಾಭವೇನು ಎಂದು ಯಾರಾದರೂ ಕೇಳಬಹುದು. ಪ್ರಶ್ನೆ ನ್ಯಾಯವಾದದ್ದೇ. ವೇಷದಿಂದ ಆಕೆಗೆ ಮಾತು ಬರಲಿಲ್ಲ. ಆದರೆ ಅಳೆದವನ ಕೈವಾಡ ಬಯಲಿಗೆ ಬಂದಿತು. ನೋಡಿಸಿಕೊಂಡವಳನ್ನು ಬಿಟ್ಟು ನೋಡಿದವನ ಕಡೆಗೆ ನಮ್ಮ ದೃಷ್ಟಿ ತಿರುಗಿತು. ಕಲಾವಿದೆಯ ಸಾಧನೆ ಇಷ್ಟು, ಇದು ಸಣ್ಣದಲ್ಲ.

ವಿದ್ಯಾರ್ಥಿಮಿತ್ರರೇ, ಇನ್ನು ಮುಂದೆ ಯಾವ ಚಿತ್ರವನ್ನು ಕಂಡರೂ ಮೂರು ಪ್ರಶ್ನೆ ಕೇಳಿರಿ: ತೆಗೆದವರು ಯಾರು? ನಿಲ್ಲಿಸಿದವರು ಯಾರು? ನಿಂತವರ ಒಪ್ಪಿಗೆ ಇದ್ದಿತೆ? ಈಗ ಕೈಯಲ್ಲೇ ಕ್ಯಾಮೆರಾ ಇರುವ ನಿಮಗೆ ಈ ಪ್ರಶ್ನೆಗಳು ಹೆಚ್ಚು ಅವಶ್ಯ. ಹಾಡಿಯ ಹುಡುಗಿಯೊಬ್ಬಳು ತನ್ನವರ ಚಿತ್ರವನ್ನು ತಾನೇ ತೆಗೆದು, ಅದರ ಕೆಳಗೆ ತನ್ನ ಮಾತನ್ನು ಬರೆದು, ಈ ವಾರ್ಷಿಕ ಸಂಚಿಕೆಗೆ ಕೊಟ್ಟರೆ, ಇಲ್ಲಿ ಅರ್ಧಕ್ಕೆ ನಿಂತ ಪಾಠವನ್ನು ಅವಳು ಮುಂದುವರಿಸಿದಂತಾಗುತ್ತದೆ.