ಟಯರು ನಿಂತುಹೋಯಿತೆ? ಮೊದಲು ನಂಬರು ಓದಿ

2020ರ ಜೂನ್ 3ರಂದು ಸಾಹಿಬಾಬಾದ್‌ನ ಅಟ್ಲಾಸ್ ಸೈಕಲ್ ಕಾರ್ಖಾನೆ ಕೆಲಸ ನಿಲ್ಲಿಸಿತು. ಅಂದು ವಿಶ್ವ ಸೈಕಲ್ ದಿನ ಬೇರೆ! ಹಳೆಯ ದೊಡ್ಡ ಸೈಕಲ್ ಇಟ್ಟುಕೊಂಡವರ ಗೋಳು ಆಗಿನಿಂದ ಒಂದೇ: ‘ಕಂಪನಿಯೇ ಮುಚ್ಚಿತಲ್ಲ, ಇನ್ನು ಟಯರು ಎಲ್ಲಿ ಸಿಗುತ್ತೆ?’ ನೆಚ್ಚಿನ ಟಯರೂ ನಿಲ್ಲುತ್ತದಂತೆ ಎಂಬ ಸುದ್ದಿ ಹಬ್ಬಿದರಂತೂ ಸಿಕ್ಕಿದ್ದನ್ನು ಬಾಚಿ ತರುತ್ತಾರೆ. ಅಷ್ಟು ಗಾಬರಿ ಬೇಡ. ಸೈಕಲ್ ಕಂಪನಿ ಮುಚ್ಚಿದರೂ ಟಯರು ಮಾಡುವವರು ಬೇರೆಯೇ ಇದ್ದಾರೆ. ಒಬ್ಬರು ಒಂದು ಮಾದರಿ ಕೈಬಿಟ್ಟರೆ ಅದೇ ಅಳತೆಯದು ಇನ್ನೊಬ್ಬರ ಹೆಸರಿನಲ್ಲಿ ಸಿಕ್ಕೀತು. ಹುಡುಕುವಾಗ ಅಳತೆ ಸರಿಯಾಗಿ ಗೊತ್ತಿರಬೇಕು, ಅಷ್ಟೆ.

ಟಯರಿನ ಪಕ್ಕವನ್ನು ಒದ್ದೆ ಬಟ್ಟೆಯಲ್ಲಿ ಒರೆಸಿ. 28 × 1½ ಎಂದು ದಪ್ಪಕ್ಷರದಲ್ಲಿ ಕಾಣುತ್ತದೆ. ಅದನ್ನು ನಂಬಬೇಡಿ. ಹತ್ತಿರದಲ್ಲೇ ಸಣ್ಣದಾಗಿ 40-635 ಎಂದಿದೆಯೇ ನೋಡಿ, ಬರೆದುಕೊಳ್ಳಿ. 40 ಎಂದರೆ ಟಯರಿನ ಅಗಲ. 635 ಎಂದರೆ ರಿಮ್ಮಿನೊಳಗೆ ಟಯರಿನ ಅಂಚು ಕೂರುವ ಜಾಗದ ವ್ಯಾಸ. ಎರಡೂ ಮಿಲಿಮೀಟರ್ ಲೆಕ್ಕ, ಐಎಸ್‌ಒ 5775 ಮಾನದಂಡದ್ದು.

ಜನ ಎಡವುವುದು ಇಲ್ಲೇ. ನಾನೂ ಎಡವಿದ್ದೇನೆ. ಆನ್‌ಲೈನಿನಲ್ಲಿ ‘28’ ಎಂದು ಕಂಡದ್ದೇ ತಡ, ಜೋಡಿ ತರಿಸಿದೆ. ಅಂಗಡಿಯ ಹುಡುಗನೂ ನಾನೂ ಅರ್ಧ ಗಂಟೆ ಸ್ಕ್ರೂಡ್ರೈವರ್ ಹಾಕಿ ಮೀಟಿದೆವು. ಟ್ಯೂಬು ಹರಿಯಿತು, ಟಯರು ಕೂರಲಿಲ್ಲ. ಆಮೇಲೆ ಓದಿದರೆ ಅದು 622, ಈಗಿನ 700ಸಿ ಚಕ್ರದ್ದು. 13 ಮಿಲಿಮೀಟರ್ ಚಿಕ್ಕದು; ಭೀಮ ಬಂದರೂ ಕೂರಿಸಲಾರ. 26 ಇಂಚಿನದಂತೂ ಇನ್ನೂ ಫಜೀತಿ. ಲೇಡೀಸ್ ಸೈಕಲ್ಲಿನ 26 × 1⅜ಕ್ಕೆ 590, ಹಳೆಯ ಮೌಂಟನ್ ಬೈಕಿನ (ಎಂಟಿಬಿ) 26ಕ್ಕೆ 559. ದೊಡ್ಡದನ್ನು ಚಿಕ್ಕ ರಿಮ್ಮಿಗೆ ಹಾಕಿದರೆ ಸಲೀಸಾಗಿ ಒಳಗೆ ಹೋಗುತ್ತದೆ. ಅಪಾಯ ಇರುವುದೇ ಅಲ್ಲಿ: ಗಾಳಿ ತುಂಬಿದಾಗ ಅಂಚು ಹಾರಿ ಟ್ಯೂಬು ಸಿಡಿಯುತ್ತದೆ. ‘ನಡೆಯುತ್ತೆ ಸಾರ್’ ಎಂದು ಅಂಗಡಿಯವರು ಎಷ್ಟೇ ಹೇಳಲಿ, ಎರಡನೇ ನಂಬರು ಹೊಂದದಿದ್ದರೆ ತರಬೇಡಿ. ಅಗಲದಲ್ಲಿ ಮಾತ್ರ ತುಸು ಹೆಚ್ಚುಕಡಿಮೆ ನಡೆಯುತ್ತದೆ, ಮಡ್‌ಗಾರ್ಡಿಗೆ ತಾಗಬಾರದು.

ನಂಬರು ಸವೆದುಹೋಗಿದ್ದರೆ ಹಳೆಯ ಟಯರನ್ನೇ ಬಿಚ್ಚಿ ಅಂಗಡಿಗೆ ಒಯ್ಯಿರಿ. ಹೊಸದರ ಒಳ ಅಂಚಿಗೆ ಅದರ ಅಂಚು ಹೊಂದಿಸಿ ನೋಡಿ. ವ್ಯತ್ಯಾಸ ಕಣ್ಣಿಗೇ ಕಾಣುತ್ತದೆ.

ಮಾದರಿ ನಿಲ್ಲುವುದು ಖಚಿತ ಎನ್ನುವುದಾದರೆ ಒಂದು ಜೋಡಿ ಹೆಚ್ಚಿಗೆ ತೆಗೆದಿಡಿ. ಡಜನ್‌ಗಟ್ಟಲೆ ಪೇರಿಸುವುದು ದಡ್ಡತನ. ಓಡಿಸದೆ ಇಟ್ಟರೂ ರಬ್ಬರು ಬಿರಿಯುತ್ತದೆ. ಬಿಸಿಲು ಬೀಳದ ತಂಪು ಜಾಗದಲ್ಲಿಡಿ. ಕಿಡಿ ಹಾರುವ ವಿದ್ಯುತ್ ಮೋಟರಿನ ಹತ್ತಿರ ಬೇಡ, ಆ ಕಿಡಿಯಿಂದ ಹುಟ್ಟುವ ಓಜೋನ್ ರಬ್ಬರನ್ನು ತಿನ್ನುತ್ತದೆ. ತಂತಿ ಅಂಚಿನ ಟಯರನ್ನು ಮಡಿಸಬೇಡಿ.

ಹೊಸದು ಹಾಕಿಸುವಾಗ ರಿಮ್ ಪಟ್ಟಿಯನ್ನೂ ಬದಲಿಸಿ. ಹೊಸ ಟಯರು ಸರಿಯಾಗಿ ಕೂತು ರಾತ್ರಿಯಿಡೀ ಗಾಳಿ ನಿಲ್ಲುವವರೆಗೆ ಹಳೆಯದನ್ನು ಗುಜರಿಗೆ ಹಾಕಬೇಡಿ.