ಪಾರ್ಟಿಗೆ ಚೀಸ್ ಚಿಲ್ಲಿ ಟೋಸ್ಟ್: ಯಶಸ್ಸಿನ ಸೂತ್ರಗಳು

ಹತ್ತು ಮಂದಿ ಬರುವ ಸಂಜೆಗೆ ಇದಕ್ಕಿಂತ ಸುಲಭವಾದ ಖಾರದ ತಿಂಡಿ ನನಗೆ ಗೊತ್ತಿಲ್ಲ. 8 ಸ್ಲೈಸ್ ಬ್ರೆಡ್ಡಿಗೆ 200 ಗ್ರಾಂ ಚೀಸ್, ಒಂದು ಕ್ಯಾಪ್ಸಿಕಂ, ಒಂದು ಸಣ್ಣ ಈರುಳ್ಳಿ, ಮೂರ್ನಾಲ್ಕು ಹಸಿಮೆಣಸಿನಕಾಯಿ, ಸ್ವಲ್ಪ ಬೆಣ್ಣೆ, ಕಾಳುಮೆಣಸಿನ ಪುಡಿ. ಒಂದೊಂದನ್ನೂ ನಾಲ್ಕು ತ್ರಿಕೋನ ಮಾಡಿದರೆ 32 ತುಂಡು.

1. ಬ್ರೆಡ್ ನಿನ್ನೆಯದಿರಲಿ. ತುಸು ಗಟ್ಟಿಯಾದ ಬ್ರೆಡ್ ಚೀಸಿನ ಭಾರ ತಡೆಯುತ್ತದೆ. ಸಿಹಿ ಬ್ರೆಡ್ ಬೇಡ, ಬೇಗ ಸೀಯುತ್ತದೆ.

2. ಮೊದಲು ಒಂದೇ ಬದಿಗೆ ಬೆಣ್ಣೆ ಸವರಿ ಕಾವಲಿಯ ಮೇಲೆ ಕೆಂಪಗೆ ಕಾಯಿಸಿ. ಚೀಸ್ ಹರಡಬೇಕಾದ್ದು ಆ ಕಾಯಿಸಿದ ಬದಿಯ ಮೇಲೆ. ಬಹಳ ಜನ ಬಿಡುವ ಹೆಜ್ಜೆ ಇದೇ, ಟೋಸ್ಟ್ ಮೆತ್ತಗಾಗುವುದೂ ಇಲ್ಲಿಂದಲೇ.

3. ಚೀಸಿನ ಆಯ್ಕೆಯಲ್ಲಿ ಅವಸರ ಬೇಡ. ಪ್ರೊಸೆಸ್ಡ್ ಚೀಸಿನಲ್ಲಿ ಕೊಬ್ಬು, ನೀರು, ಪ್ರೋಟೀನುಗಳನ್ನು ಹಿಡಿದಿಡುವ ಲವಣಗಳಿರುತ್ತವೆ. ಹಾಗಾಗಿ ಅದು ಎಣ್ಣೆ ಬಿಡದೆ ನುಣ್ಣಗೆ ಕರಗುತ್ತದೆ, ಆದರೆ ಎಳೆ ಬರುವುದಿಲ್ಲ. ಮೊಝರೆಲ್ಲಾ ಎಳೆಎಳೆಯಾಗಿ ಬರುತ್ತದೆ, ರುಚಿ ಮಾತ್ರ ಸಪ್ಪೆ. ನನ್ನ ಲೆಕ್ಕ: 150 ಗ್ರಾಂ ಪ್ರೊಸೆಸ್ಡ್, 50 ಗ್ರಾಂ ಮೊಝರೆಲ್ಲಾ. ಚೆಡ್ಡರ್ ಸಿಕ್ಕರೆ ಪ್ರೊಸೆಸ್ಡ್ ಚೀಸಿನಲ್ಲಿ ಅರ್ಧದಷ್ಟು ಕಡಿಮೆ ಮಾಡಿ ಅದನ್ನೇ ಹಾಕಿ, ರುಚಿಗೆ ಗಾಂಭೀರ್ಯ ಬರುತ್ತದೆ. ಫ್ರಿಜ್ಜಿನಿಂದ ತೆಗೆದ ಕೂಡಲೇ, ಗಟ್ಟಿಯಿರುವಾಗಲೇ ತುರಿಯಿರಿ. ತುರಿದೇ ಮಾರುವ ಪೊಟ್ಟಣಗಳಲ್ಲಿ ಅಂಟದಿರಲೆಂದು ಸಾಮಾನ್ಯವಾಗಿ ಪಿಷ್ಟ ಸವರಿರುತ್ತಾರೆ. ಅದು ಅಷ್ಟು ಚೆನ್ನಾಗಿ ಕರಗದು.

4. ನೀರನ್ನು ದೂರವಿಡಿ. ಕ್ಯಾಪ್ಸಿಕಂನ ಬೀಜ, ತಿರುಳು ತೆಗೆದು ಸಣ್ಣಗೆ ಹೆಚ್ಚಿ. ಟೊಮೆಟೊ ಬೇಡವೇ ಬೇಡ. ಉಪ್ಪೂ ಬೇಡ: ಚೀಸಿನಲ್ಲಿ ಸಾಕಷ್ಟಿದೆ, ಮೇಲೆ ಹಾಕಿದರೆ ತರಕಾರಿ ನೀರು ಬಿಡುತ್ತದೆ. ತುರಿದದ್ದು, ಹೆಚ್ಚಿದ್ದು ಬೇರೆ ಬೇರೆ ಡಬ್ಬಿಯಲ್ಲಿರಲಿ. ಬೇಯಿಸುವ ಹೊತ್ತಿಗೆ ಕಲಸಿ.

5. ಮೆಣಸಿನಕಾಯಿಯ ಖಾರ ಹೆಚ್ಚಾಗಿ ಒಳಗಿನ ಬಿಳಿ ತಿರುಳಿನಲ್ಲಿರುತ್ತದೆ. ಮಕ್ಕಳ ಪಾಲಿಗೆ ಅದನ್ನು ಕೆರೆದು ತೆಗೆಯಿರಿ.

6. ಓವನ್ ಇದ್ದರೆ 200 ಡಿಗ್ರಿ ಸೆಲ್ಸಿಯಸ್‌ಗೆ ಮೊದಲೇ ಕಾಯಿಸಿ, 6ರಿಂದ 8 ನಿಮಿಷ. ಚೀಸ್ ಗುಳ್ಳೆಯೆದ್ದು ಅಂಚು ಕೆಂಪಾದರೆ ಆಯಿತು. ಓವನ್ ಇಲ್ಲವೇ? ಸಣ್ಣ ಉರಿಯ ಕಾವಲಿ ಸಾಕು. ಮುಚ್ಚಳ ಮುಚ್ಚಿ, ಚೀಸ್ ಕರಗುತ್ತಿದ್ದಂತೆ ತೆಗೆದುಬಿಡಿ. ಇಲ್ಲವಾದರೆ ಹಬೆಯ ನೀರು ಟೋಸ್ಟಿನ ಮೇಲೆ ತೊಟ್ಟಿಕ್ಕುತ್ತದೆ.

7. ಎಲ್ಲವನ್ನೂ ಒಟ್ಟಿಗೆ ಬೇಯಿಸಬೇಡಿ. ಆರಿದ ಚೀಸ್ ರಬ್ಬರಿನಂತಾಗುತ್ತದೆ, ಮತ್ತೆ ಬಿಸಿ ಮಾಡಿದರೂ ಮೊದಲಿನ ಹದ ಬರದು. ನಾಲ್ಕು ಸ್ಲೈಸ್ ಬೇಯಿಸಿ, ಕತ್ತರಿಸಿ, ಬಿಸಿಬಿಸಿ ಕಳಿಸಿ. ತಟ್ಟೆ ಖಾಲಿಯಾಗುತ್ತಾ ಬಂದಾಗ ಮುಂದಿನ ನಾಲ್ಕು. ಅತಿಥಿಗಳು ಎರಡು ನಿಮಿಷ ಕಾದರೆ ನಷ್ಟವೇನಿಲ್ಲ.

8. ಬರುವವರಲ್ಲಿ ಸಸ್ಯಾಹಾರಿಗಳಿದ್ದರೆ ಲೇಬಲ್ ಓದಿ. ಹಾಲು ಒಡೆಸಲು ಬಳಸುವ ರೆನೆಟ್ ಕೆಲವು ಚೀಸುಗಳಲ್ಲಿ ಕರುವಿನ ಹೊಟ್ಟೆಯಿಂದ ಬಂದದ್ದು. ಇಟಲಿಯ ಪಾರ್ಮಿಜಾನೊ ರೆಜ್ಜಾನೊ ಹಾಗೆಯೇ ತಯಾರಾಗುತ್ತದೆ. ನಮ್ಮಲ್ಲಿ ಹಸಿರು ಗುರುತಿರುವ ಚೀಸ್ ಕೊಂಡರೆ ಚಿಂತೆಯಿಲ್ಲ. ಹೊರದೇಶದಿಂದ ಯಾರೋ ತಂದುಕೊಟ್ಟ ಪೊಟ್ಟಣದ ಮೇಲೆ ಅನುಮಾನವಿದ್ದರೆ, ಅದನ್ನು ಈ ತಟ್ಟೆಗೆ ಸೇರಿಸಬೇಡಿ.